ಸುಪ್ತಪದರಕ್ಕೆ ಎಷ್ಟು ಎಫ್‌ಎಸ್‌ಐ?

ನಮ್ಮ ಕಣ್ಣಿಗೆ ಕಾಣುವ ಜಗತ್ತಿನ ಅಡಿಯಲ್ಲಿ ಇನ್ನೊಂದು ಪದರ ಉಂಟಂತೆ. ಅದು ಗಾಢ ನಿದ್ದೆಯಲ್ಲಿ ಇದೆಯಂತೆ. ನಾವು ಮರೆತೇ ಬಿಟ್ಟೆವು ಅಂದುಕೊಂಡದ್ದೆಲ್ಲ ಒಂದೂ ಬಿಡದೆ ಅಲ್ಲಿಗೆ ಹೋಗಿ ಕೂತಿರುತ್ತದಂತೆ. ಮುಂಬಯಿಯ ಮಾಟುಂಗದ ಏಸಿ ಸಭಾಂಗಣವೊಂದರಲ್ಲಿ ಬಿಳಿ ಕುರ್ತಾ ತೊಟ್ಟ ಗುರುಗಳು ಇದನ್ನು ಅಪ್ಪಣೆ ಕೊಡಿಸಿದರು. ಆ ಪದರವನ್ನು ಮುಟ್ಟಿಸುವ ಶಿಬಿರಕ್ಕೆ ಶುಲ್ಕ ಬೇರೆ, ಜಿಎಸ್‌ಟಿ ಬೇರೆ. ಊಟ ಜೈನ್ ಬೇಕಿದ್ದರೆ ಮೊದಲೇ ತಿಳಿಸಬೇಕು. ಬೌದ್ಧರ ಯೋಗಾಚಾರ ಪಂಥದವರು ಸಾವಿರದೈನೂರು ವರ್ಷಗಳ ಹಿಂದೆಯೇ ಇಂಥದ್ದಕ್ಕೆ ಆಲಯವಿಜ್ಞಾನ ಎಂದು ಹೆಸರಿಟ್ಟು, ಕರ್ಮದ ಬೀಜಗಳೆಲ್ಲ ಅಲ್ಲಿ ಶೇಖರವಾಗುತ್ತವೆ ಎಂದಿದ್ದರು. ಪಾಪ, ಅವರಿಗೆ ಕ್ಯೂಆರ್ ಕೋಡ್ ಹೊಳೆಯಲಿಲ್ಲ.

ಪಕ್ಕದಲ್ಲಿದ್ದ ಹೋಟೆಲಿನ ಶೆಟ್ರು ಕೈ ಎತ್ತಿದರು. "ಸ್ವಾಮೀ, ಮಿಲ್ ಸ್ಟ್ರೈಕಿನ ಟೈಮಲ್ಲಿ ನಮ್ಮ ಅಪ್ಪಯ್ಯನ ಹತ್ರ ಉದ್ರಿ ತಿಂದು ಊರಿಗೆ ಹೋದವರ ಲೆಕ್ಕ ಅಲ್ಲಿ ಸಿಗ್ತದಾ?"

"ಎಲ್ಲವೂ ಇದೆ. ಆದರೆ ವಸೂಲಿ ಇಲ್ಲ," ಎಂದರು ಗುರುಗಳು.

"ಅದಕ್ಕೆ ಬ್ಯಾಂಕಿನವರು ಎನ್‌ಪಿಎ ಅಂತಾರೆ ಮಾರಾಯ್ರೆ," ಎಂದು ಶೆಟ್ರು ಕೂತರು.

ಶೆಟ್ರದ್ದು ಚಿಲ್ಲರೆ ಲೆಕ್ಕ ಅನ್ನಬೇಡಿ. 1982ರ ಜನವರಿಯಲ್ಲಿ ಮುಂಬಯಿಯ ಸುಮಾರು 2.5 ಲಕ್ಷ ಬಟ್ಟೆ ಗಿರಣಿ ಕಾರ್ಮಿಕರು ಮುಷ್ಕರ ಹೂಡಿದರು. ಆ ಮುಷ್ಕರ ಮುಗಿಯಿತು ಎಂದು ಇವತ್ತಿಗೂ ಯಾರೂ ಅಧಿಕೃತವಾಗಿ ಹೇಳಿದಂತಿಲ್ಲ. ಅಷ್ಟರಲ್ಲಿ ಗಿರಣಿಗಳೇ ಮುಗಿದವು. ಲೋವರ್ ಪರೇಲಿನ ಮಾಲಿನಲ್ಲಿ ಹಳೆಯ ಗಿರಣಿಯ ಚಿಮಣಿಯೊಂದನ್ನು ಅಂದಕ್ಕೆಂದು ಹಾಗೇ ಬಿಟ್ಟಿದ್ದಾರೆ. ಅದರ ಮುಂದೆ ನಿಂತು ಸೆಲ್ಫಿ ತೆಗೆಯುವವರಿಗೆ ಸುಪ್ತಪದರದ ಉಪದ್ರವವೇನೂ ಇದ್ದಂತಿಲ್ಲ.

ನನಗೆ ಅರ್ಥವಾಗದ್ದು ಬೇರೆ. ಮುಂಬಯಿಯಲ್ಲಿ ಇದ್ದುಕೊಂಡು ಇಂಥ ಪದರ ಕಾಣಲು ದುಡ್ಡು ಕೊಟ್ಟು ಕಣ್ಣು ಮುಚ್ಚಬೇಕೆ? ನಮ್ಮ ಪಾಲಿಕೆಯ ಕಪಾಟುಗಳು ಮತ್ತೇನು? ಬ್ರಿಟಿಷರ ಕಾಲದ ಮಳೆನೀರು ಚರಂಡಿಗಳು ತಾಸಿಗೆ 25 ಮಿ.ಮೀ. ಮಳೆಗಷ್ಟೇ ಸಾಕು, ಅದನ್ನು 50ಕ್ಕೆ ಏರಿಸಬೇಕು ಎಂದು ಹೇಳಿದ ಬ್ರಿಮ್‌ಸ್ಟೋವ್ಯಾಡ್ ವರದಿ ಕೈಗೆ ಬಂದದ್ದು 1993ರಲ್ಲಿ. ಬಂದದ್ದೇ ತಡ, ವರದಿ ಧ್ಯಾನಕ್ಕೆ ಕೂತಿತು. 2005ರ ಜುಲೈ 26ರಂದು ಸಾಂತಾಕ್ರೂಜ್‌ನಲ್ಲಿ ಒಂದೇ ದಿನ 944 ಮಿ.ಮೀ. ಮಳೆ ಸುರಿದು, ಮೀಠಿ ನದಿ ಮನೆಮನೆಗೆ ಬಂದು, ನೂರಾರು ಜನ ಸತ್ತ ಮೇಲೆಯೇ ಅದಕ್ಕೆ ಸರಿಯಾಗಿ ಎಚ್ಚರವಾದದ್ದು. ಸರಿಯಾಗಿ ಹನ್ನೆರಡು ವರ್ಷದ ತಪಸ್ಸು! ವಿಶ್ವಾಮಿತ್ರನಿಗೂ ನಡುವೆ ಮೇನಕೆ ಅಡ್ಡ ಬಂದಿದ್ದಳು. ನಮ್ಮ ವರದಿಯ ತಪಸ್ಸು ಕೆಡಿಸಲು ಯಾವ ಅಪ್ಸರೆಯೂ ಕಪಾಟಿನವರೆಗೆ ಬರಲಿಲ್ಲ.

ಮಾರನೆಯ ದಿನ ಒದ್ದೆ ಚಪ್ಪಲಿಯಲ್ಲೇ ಜನ ಕೆಲಸಕ್ಕೆ ಹೋದರೆ ಟೀವಿಯವರು ಅದನ್ನು 'ಮುಂಬಯಿ ಸ್ಪಿರಿಟ್' ಎನ್ನುತ್ತಾರೆ. ಹೋಗದಿದ್ದರೆ ಪಗಾರ ಕಟ್ ಆಗುತ್ತದೆ ಎಂಬುದು ಆಗಲೇ ಪದರದ ಅಡಿಗೆ ಹೋಗಿರುತ್ತದೆ.

ಗುರುಗಳ ಮಾತು ಮಂತ್ರಿಗಳ ಕಿವಿಗೆ ಬಿತ್ತೆನ್ನಿ. ಮರುವಾರವೇ ಸುಪ್ತಪದರ ಪ್ರಾಧಿಕಾರ ತಯಾರು. ಮೇ ತಿಂಗಳಲ್ಲಿ ನಾಲೆಗಳ ಜೊತೆಗೆ ನೆನಪಿನ ಹೂಳೆತ್ತಲೂ ಟೆಂಡರ್. ಗುತ್ತಿಗೆದಾರ ಲಾರಿಯಲ್ಲಿ ತುಂಬಿದ ನೆನಪನ್ನು ವೇಬ್ರಿಡ್ಜಿನಲ್ಲಿ ತೂಗಿಸಿ, ಫೋಟೊ ತೆಗೆದು, ಅದೇ ಲಾರಿಯನ್ನು ಇನ್ನೊಂದು ಗೇಟಿನಿಂದ ಮತ್ತೆ ಒಳಗೆ ತಂದು ಇನ್ನೊಮ್ಮೆ ತೂಗಿಸುತ್ತಾನೆ. ಮೊದಲ ಮಳೆಗೆ ಹಿಂದ್‌ಮಾತಾದಲ್ಲಿ ಮೊಣಕಾಲುದ್ದ ನೆನಪು ನಿಲ್ಲುತ್ತದೆ. ಬಸ್ಸಿಗೆ ಕಾಯುತ್ತಿದ್ದವರಿಗೆಲ್ಲ ಒಮ್ಮೆಲೇ ಹಿಂದಿನ ಮೂರು ಚುನಾವಣೆಗಳ ಭಾಷಣ ಅಕ್ಷರಕ್ಷರ ನೆನಪಾಗಿ ಟ್ರಾಫಿಕ್ ಜಾಮ್. "ಸಮುದ್ರದ ಭರತದ ಹೊತ್ತಿಗೇ ಮಳೆ ಬಂತು, ಪಂಪು ಚಾಲೂ ಇದೆ, ತಾಸಿನಲ್ಲಿ ಎಲ್ಲರಿಗೂ ಮರೆವು ಬರುತ್ತದೆ," ಎಂದು ಅಧಿಕಾರಿಗಳ ಹೇಳಿಕೆ.

ಇನ್ನು ಬಿಲ್ಡರ್‌ಗಳು ಸುಮ್ಮನಿರುತ್ತಾರೆಯೇ? ನೆಲಕ್ಕೆ ಎಫ್‌ಎಸ್‌ಐ, ಅಂದರೆ ಇಷ್ಟು ಜಾಗದಲ್ಲಿ ಇಷ್ಟು ಕಟ್ಟಬಹುದೆಂಬ ಲೆಕ್ಕ, ಇದ್ದಮೇಲೆ ನೆಲದಡಿಯ ಪದರಕ್ಕೂ ಇರಲೇಬೇಕು. ಯಾರೂ ವಾಸವಿಲ್ಲ, ಬಾಡಿಗೆದಾರರ ತಕರಾರಿಲ್ಲ, ಕೋಸ್ಟಲ್ ರೂಲ್ ಇಲ್ಲ. ಸೀ ವ್ಯೂ ಇಲ್ಲ ನಿಜ, ಬ್ರೋಷರಿನಲ್ಲಿ ಬರೆದುಕೊಂಡರಾಯಿತು.

ಗಿರಿಜಕ್ಕನ ಹತ್ತಿರ ಅಂಥದ್ದೊಂದು ಬ್ರೋಷರ್ ಇದೆ. ಕುಂದಾಪುರದ ಕಡೆಯವರು, ಮದುವೆಯಾಗಿ ಮುಂಬಯಿಯ ಲಾಲ್‌ಬಾಗಿನ ಚಾಳಿಗೆ ಬಂದವರು. ಮೂರು ವರ್ಷದಲ್ಲಿ ಹೊಸ ಮನೆಯ ಕೀಲಿಕೈ ಅಂತ ಚಾಳು ಕೆಡವಿದರು. ಅಲ್ಲಿಯವರೆಗೆ ಬಿಲ್ಡರ್ ಕೊಡಬೇಕಾದ ಬಾಡಿಗೆಯ ಚೆಕ್ ಕೆಲವು ತಿಂಗಳು ಬಂತು, ಆಮೇಲೆ ಬಿಲ್ಡರನ ಫೋನು ಸ್ವಿಚ್ ಆಫ್. ಈಗ ಡೊಂಬಿವಲಿಯ ಬಾಡಿಗೆ ಮನೆಯಲ್ಲಿ ಬಿಸ್ಕತ್ತಿನ ಡಬ್ಬಿಯೊಳಗೆ, ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ, ಅಗ್ರಿಮೆಂಟ್, ರೇಶನ್ ಕಾರ್ಡು, ಲೈಟ್ ಬಿಲ್ಲು, ಮೇಲೆ ಆ ಬ್ರೋಷರ್. ಅದರ ಮಡಿಕೆಯಲ್ಲಿ ಈಜುಕೊಳ ಎರಡು ತುಂಡಾಗಿದೆ. ಯಾವ ತಾರೀಕಿಗೆ ಯಾರು, ಎಷ್ಟು ಹೊತ್ತಿಗೆ, ಯಾವ ದೇವರ ಮೇಲೆ ಆಣೆ ಇಟ್ಟರು ಎಲ್ಲವೂ ಅವರ ನಾಲಗೆಯ ತುದಿಯಲ್ಲಿದೆ.

ಪ್ರಾಧಿಕಾರದ ಕಿಟಕಿ ತೆರೆದ ದಿನ ಸರದಿಯಲ್ಲಿ ಮೊದಲು ನಿಲ್ಲುವವರು ಇವರೇ. ಗುಮಾಸ್ತ ಡಬ್ಬಿಯನ್ನು ಮುಟ್ಟಿಯೂ ನೋಡುವುದಿಲ್ಲ.

"ಅಜ್ಜೀ, ಇಲ್ಲಿ ಮರೆತವರ ಅರ್ಜಿ ಮಾತ್ರ ತಗೊಳ್ಳೋದು. ನಿಮಗೆ ಎಲ್ಲಾ ನೆನಪಿದೆಯಲ್ಲ? ಮೊದಲು ಮರೆತು ಬನ್ನಿ."

"ಆಯ್ತು ಮಗಾ, ಮರೀತೆ. ಎಲ್ಲಿ ಸೈನ್ ಮಾಡ್ಕ್?"

"ಹಾಗೆಲ್ಲ ಆಗೋದಿಲ್ಲ. ಮರೆತಿದ್ದೀರಿ ಅಂತ ಬಿಲ್ಡರ್‌ನ ಎನ್‌ಒಸಿ ಬೇಕು. ಎರಡು ಜೆರಾಕ್ಸ್."