‘ಇಟಲಿಯ ಡೀಟ್ರಿಕ್’ ಅಂತೆ!

‘ಲಾ ಸಿನ್ಯೋರಾ ದಿ ತುತ್ತಿ’ ನೋಡಿ ಈಗಷ್ಟೇ ಎದ್ದೆ. 1934ರ ಇಟಾಲಿಯನ್ ಟಾಕಿ, ಅಂದ್ರೆ ಮಾತಿನ ಸಿನಿಮಾ. ಹಳೇ ಕಪ್ಪು-ಬಿಳುಪು ಸಿನಿಮಾ ಅಂದ್ರೆ ನಾನು ಊಟ ನಿದ್ದೆ ಬಿಟ್ಟು ಕೂರುವವಳು, ನಿಮಗೆ ಗೊತ್ತೇ ಇದೆ. ಖುಷಿಯಲ್ಲಿ ಯಾರ್ಯಾರು ಏನು ಬರೆದಿದ್ದಾರೆ ಅಂತ ಹುಡುಕಿದೆ ನೋಡಿ, ಮೈ ಉರಿದುಹೋಯ್ತು. ಎಲ್ಲಿ ನೋಡಿದರೂ ನಿರ್ದೇಶಕ ಮ್ಯಾಕ್ಸ್ ಓಫುಲ್ಸ್, ಅವನ ಕ್ಯಾಮೆರಾ ಹೇಗೆ ಸುತ್ತುತ್ತೆ, ಹೇಗೆ ತೇಲುತ್ತೆ ಅನ್ನೋದೇ ಪುರಾಣ. ಇಡೀ ಸಿನಿಮಾ ಹೊತ್ತ ನಟಿ ಇಸಾ ಮಿರಾಂಡಾಗೆ ಮಾತ್ರ ಎರಡೇ ಪದ: ‘ಇಟಲಿಯ ಡೀಟ್ರಿಕ್’. ಅಂದ್ರೆ ಹಾಲಿವುಡ್ ತಾರೆ ಮಾರ್ಲೀನ್ ಡೀಟ್ರಿಕ್‌ಳ ಇಟಲಿ ನಕಲು ಅಂತ!

ಓಫುಲ್ಸ್ ಅಂದ್ರೆ ನನಗೂ ಪ್ರಾಣವೇ. ಆದ್ರೆ ಕ್ಯಾಮೆರಾ ಸುತ್ತಿದ್ದು ಯಾರ ಸುತ್ತ ಸ್ವಾಮಿ?

ಇದರಲ್ಲಿ ಮಿರಾಂಡಾ ಗಾಬಿ ಅನ್ನೋ ಸಿನಿಮಾ ತಾರೆ. ಸಾಯಲು ಹೊರಟವಳನ್ನು ಆಪರೇಷನ್ ಟೇಬಲ್ ಮೇಲೆ ಮಲಗಿಸಿದ್ದಾರೆ. ಅರಿವಳಿಕೆಯ ಮಾಸ್ಕ್ ಮೇಲಿನಿಂದ ಇಳಿಯುತ್ತೆ, ಅಲ್ಲಿಂದ ಹಿಂದಿನ ಕಥೆ ಶುರು. ಸ್ಕೂಲ್ ಹುಡುಗಿಯಿಂದ ಹಿಡಿದು ಊರೆಲ್ಲ ಪೋಸ್ಟರ್ ಅಂಟಿಸಿಕೊಂಡ ತಾರೆಯವರೆಗೆ ಆಕೆಯೇ. ನಡುವೆ, ಗಾಬಿಯನ್ನು ತನ್ನ ಜೊತೆಗಿಟ್ಟುಕೊಂಡಿದ್ದ ಶ್ರೀಮಂತ ಹೆಂಗಸು, ಗಾಲಿಕುರ್ಚಿಯ ಆಲ್ಮಾ, ಮೆಟ್ಟಿಲಿಂದ ಉರುಳಿ ಸಾಯುತ್ತಾಳೆ. ಆ ರಾತ್ರಿಯ ಸಂಗೀತ ಆಮೇಲೆ ಗಾಬಿಯ ಕಿವಿ ಬಿಡುವುದೇ ಇಲ್ಲ. ಆಗ ಆ ಮುಖ ನೋಡಬೇಕು! ಇಟಲಿಯಲ್ಲಿ ಟಾಕಿ ಶುರುವಾಗಿದ್ದೇ 1930ರಲ್ಲಿ. ನಾಲ್ಕೇ ವರ್ಷಕ್ಕೆ ಹೀಗೆ ಸದ್ದಿಗೇ ನಡುಗುವ ನಟನೆ. ವೆನಿಸ್ ಚಿತ್ರೋತ್ಸವದಲ್ಲಿ ಈ ಚಿತ್ರಕ್ಕೆ ಬಹುಮಾನ ಬಂತು, ಯಾವುದಕ್ಕೆ ಹೇಳಿ? ತಾಂತ್ರಿಕವಾಗಿ ಅತ್ಯುತ್ತಮ ಅಂತ! ಭೇಷ್.

ನಾನು ಮನೆಯಲ್ಲಿ ಎರಡನೇ ಮಗಳು. ‘ಥೇಟ್ ಅಕ್ಕನೇ’ ಅಂತ ಕೇಳಿಸಿಕೊಂಡೇ ಬೆಳೆದವಳು. ಅದಕ್ಕೇ ಇಷ್ಟು ಉರಿ ಅಂದುಕೊಳ್ಳಿ, ಬೇಜಾರಿಲ್ಲ.

ಮಿಲಾನ್‌ನಲ್ಲಿ ಟೈಪಿಸ್ಟ್ ಆಗಿದ್ದ ಹುಡುಗಿ ಈ ಮಿರಾಂಡಾ, ಹಾಲಿವುಡ್‌ವರೆಗೆ ಹೋದಳು. ಅಲ್ಲಿ ಪ್ಯಾರಾಮೌಂಟ್ ಸ್ಟುಡಿಯೋದವರು ಕೊಟ್ಟಿದ್ದೇನು? ‘ಹೋಟೆಲ್ ಇಂಪೀರಿಯಲ್’. 1936ರಲ್ಲಿ ಮಾರ್ಲೀನ್ ಡೀಟ್ರಿಕ್ ಅರ್ಧಕ್ಕೇ ಬಿಟ್ಟು ಎದ್ದುಹೋಗಿದ್ದ ಕಥೆ! ಅದನ್ನೇ ಮತ್ತೆ ತೆಗೆದು, ಈಕೆಯನ್ನು ಹಾಕಿ, 1939ರಲ್ಲಿ ಬಿಡುಗಡೆ ಮಾಡಿದರು. ‘ಜಾಜಾ’ ಅನ್ನೋ ಇನ್ನೊಂದು ಚಿತ್ರಕ್ಕೆ ಮೊದಲು ಈಕೆಯೇ ಅಂದರು, ಕೊನೆಗೆ ಮಾಡಿದ್ದು ಕ್ಲೋಡೆಟ್ ಕೋಲ್ಬರ್ಟ್. ಮಿರಾಂಡಾ ಸುಮ್ನೆ ಊರಿಗೆ ವಾಪಸ್ ಬಂದು, ನಿರ್ದೇಶಕ ಕಾಸ್ತೆಲ್ಲಾನಿಯ ಇಟಾಲಿಯನ್ ‘ಜಾಜಾ’ದಲ್ಲಿ ಅದೇ ಪಾತ್ರ ಮಾಡಿಯೇ ಬಿಟ್ಟಳು. ಈ ಹಟ ನನಗೆ ಬಹಳ ಇಷ್ಟ.

‘ಆ ಸಣ್ಣ ಹುಬ್ಬು, ಆ ಲೈಟಿಂಗ್ ಎಲ್ಲಾ ಡೀಟ್ರಿಕ್ ಥರಾನೇ ಅಲ್ವಾ, ಸ್ಟುಡಿಯೋದವರೇ ಹಾಗೆ ಮಾರಿದ್ರಲ್ವಾ’ ಅಂತೀರಿ. ಹೌದಪ್ಪಾ, ಮಾರಿದರು. ಹುಬ್ಬು ತೀಡಿದ್ದು ಮೇಕಪ್‌ನವರು, ಲೈಟ್ ಇಟ್ಟಿದ್ದು ಇನ್ಯಾರೋ. ನಟಿಸಿದ್ದು ಯಾರು? ಅಂಗಡಿಯವನು ಡಬ್ಬದ ಮೇಲೆ ಅಂಟಿಸಿದ ಚೀಟಿಯನ್ನು ತೊಂಬತ್ತು ವರ್ಷ ಆದ ಮೇಲೂ ನಾವೇ ಓದಿ ಹೇಳಬೇಕಾ?

ನಂಬಿಕೆ ಬರದಿದ್ದರೆ ರೆನೆ ಕ್ಲೆಮಾಂ ತೆಗೆದ ‘ಲೆ ಮೂರಾ ದಿ ಮಾಲಾಪಾಗಾ’ ನೋಡಿ. ಬಾಂಬ್ ಬಿದ್ದು ಹಾಳಾದ ಜಿನೋವಾ ಬಂದರು. ಹಲ್ಲುನೋವು ತಡೆಯಲಾರದೆ ಹಡಗಿಂದ ಇಳಿದ ಕೊಲೆಗಾರನಾಗಿ ಫ್ರೆಂಚ್ ನಟ ಜಾನ್ ಗಾಬಾಂ. ಮಗಳನ್ನು ಸಾಕಿಕೊಂಡು ಹೋಟೆಲಿನಲ್ಲಿ ಊಟ ಬಡಿಸುವ ಹೆಂಗಸು ಮಿರಾಂಡಾ. ತೀಡಿದ ಹುಬ್ಬೂ ಇಲ್ಲ, ಆ ಲೈಟಿಂಗೂ ಇಲ್ಲ, ಬರೀ ದಣಿದ ಮುಖ. 1949ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಬಂದಿದ್ದು ಆ ಮುಖಕ್ಕೇ.

ಅದನ್ನು ನೋಡದೆ ಈ ಪೋಸ್ಟ್ ಕೆಳಗೆ ಡೀಟ್ರಿಕ್ ಹೆಸರು ಎತ್ತಿದವರಿಗೆ ಉತ್ತರ ಕೊಡಲ್ಲ, ಈಗಲೇ ಹೇಳಿದ್ದೇನೆ.