ಬಿದ್ದದ್ದನ್ನು ಪೂರ್ತಿ ತೋರಿಸಿ

ನಿನ್ನೆ ರಾತ್ರಿ ಎಂಟು ವರ್ಷದ ಮಗಳ ಜೊತೆ ಕೂತು ಅಮೆರಿಕದ ಹಾಸ್ಯನಟ ಬಸ್ಟರ್ ಕೀಟನ್‌ನ ‘ಒನ್ ವೀಕ್’ ಮತ್ತೆ ನೋಡಿದೆ. 1920ರ ಮೂಕಿ ಚಿತ್ರ, ಎರಡೇ ರೀಲು. ನಡುವೆ ಬರುವ ಇಂಗ್ಲಿಷ್ ಬರಹವನ್ನು ಓದಿ ಹೇಳುತ್ತಿದ್ದೆ. ಸ್ವಲ್ಪ ಹೊತ್ತಿಗೇ, “ಅಪ್ಪಾ, ಓದ್ಬೇಡ, ನಂಗೆ ಗೊತ್ತಾಗ್ತಿದೆ” ಅಂದಳು.

ಹೊಸದಾಗಿ ಮದುವೆಯಾದ ಜೋಡಿಗೆ ಬಿಡಿಬಿಡಿಯಾಗಿ ಪೆಟ್ಟಿಗೆಗಳಲ್ಲಿ ತುಂಬಿದ ಮನೆ ಸಿಗುತ್ತದೆ. ನಂಬರ್ ಪ್ರಕಾರ ಜೋಡಿಸಿದರೆ ಆಯ್ತು. ಆ ಹುಡುಗಿ ಮೇಲೆ ಕಣ್ಣಿಟ್ಟಿದ್ದ ಇನ್ನೊಬ್ಬ ಹೊಟ್ಟೆಕಿಚ್ಚಿಗೆ ನಂಬರ್ ತಿದ್ದುತ್ತಾನೆ. ಸೊಟ್ಟಂಪಟ್ಟ ಮನೆ ಏಳುತ್ತದೆ. ಮಹಡಿಯ ಬಾಗಿಲು ತೆರೆದರೆ ಆಚೆ ಬರೀ ಗಾಳಿ! ಗಂಡನ ಪಾತ್ರದ ಕೀಟನ್ ಅಲ್ಲಿಂದ ಕಾಲಿಟ್ಟು ನೆಲಕ್ಕೆ ಬೀಳುತ್ತಾನೆ. ಬಿರುಗಾಳಿಗೆ ಇಡೀ ಮನೆ ಬುಗುರಿಯಂತೆ ಸುತ್ತುತ್ತದೆ. ಆಟಿಕೆ ಮನೆಯಲ್ಲ ಅದು. ನಿಜವಾದ ಮನೆಯನ್ನೇ ತಿರುಗುವ ವೇದಿಕೆ ಮೇಲೆ ಕಟ್ಟಿದ್ದರು.

ಯಾರಾದರೂ ಬಿದ್ದರೆ ಸಾಕು, ನಗು ಬರುತ್ತದೆ ಅಂದುಕೊಂಡವರು ಜಾಸ್ತಿ. ನಾನು ಒಪ್ಪುವುದಿಲ್ಲ. ಇಲ್ಲಿ ಕ್ಯಾಮೆರಾ ದೂರ ನಿಂತು ಮನುಷ್ಯನನ್ನು ತಲೆಯಿಂದ ಕಾಲಿನವರೆಗೆ ತೋರಿಸುತ್ತದೆ. ಎಲ್ಲಿಂದ ಬಿದ್ದ, ಹೇಗೆ ಬಿದ್ದ, ಹೇಗೆ ಎದ್ದ, ಎಲ್ಲ ಕಾಣುತ್ತದೆ. ಈಗಿನ ಕಾಮಿಡಿಯಲ್ಲಿ ಬೀಳುವ ಹೊತ್ತಿಗೇ ಕತ್ತರಿ ಹಾಕುತ್ತಾರೆ, ‘ಟೊಂಯ್’ ಅಂತ ಸದ್ದು ಸೇರಿಸುತ್ತಾರೆ. ನಟನ ಮೈಗೆ ಮಾಡಲು ಕೆಲಸವೇ ಉಳಿಯುವುದಿಲ್ಲ. ನನಗೆ ನಿಜಕ್ಕೂ ಬೇಜಾರಾಗುತ್ತದೆ.

ಕೀಟನ್ ಚಿಕ್ಕಂದಿನಿಂದಲೇ ಅಪ್ಪ ಅಮ್ಮನ ಜೊತೆ ಸ್ಟೇಜ್ ಮೇಲಿದ್ದವನು. ಆಟದ ಭಾಗವಾಗಿ ಅಪ್ಪ ಅವನನ್ನು ಎತ್ತಿ ಎಸೆಯುತ್ತಿದ್ದ. ತಾನು ನಕ್ಕರೆ ಜನ ನಗುವುದಿಲ್ಲ ಅನ್ನುವುದನ್ನು ಅವನು ಅಲ್ಲೇ ಕಲಿತ. ಅದಕ್ಕೇ ಆ ಮುಖದಲ್ಲಿ ನಗುವೇ ಇಲ್ಲ. ಅವನಿಗೆ ಅದು ತಮಾಷೆಯಲ್ಲ, ಮನೆ ಕಟ್ಟಬೇಕು ಅಷ್ಟೇ.

ಕೊನೆಯಲ್ಲಿ ಮನೆಯನ್ನು ಬೇರೆ ಜಾಗಕ್ಕೆ ಎಳೆದುಕೊಂಡು ಹೋಗುವಾಗ ಅದು ರೈಲು ಹಳಿ ಮೇಲೆ ಸಿಕ್ಕಿಕೊಳ್ಳುತ್ತದೆ. ರೈಲು ಬರುತ್ತದೆ. ಗಂಡ ಹೆಂಡತಿ ಎಷ್ಟು ತಳ್ಳಿದರೂ ಮನೆ ಅಲುಗುವುದಿಲ್ಲ. ಮುಗೀತು ಅನ್ನುವಷ್ಟರಲ್ಲಿ ರೈಲು ಪಕ್ಕದ ಹಳಿಯಲ್ಲಿ ಹೋಗಿಬಿಡುತ್ತದೆ. ಮಗಳು ‘ಅಬ್ಬಾ’ ಅಂದಳು. ಅಷ್ಟರಲ್ಲಿ ಎದುರು ದಿಕ್ಕಿನಿಂದ ಇನ್ನೊಂದು ರೈಲು ಬಂದು ಮನೆಯನ್ನು ಪುಡಿಪುಡಿ ಮಾಡಿತು. ಅವಳು ಒಂದು ಕ್ಷಣ ಸುಮ್ಮನಾದಳು, ಆಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕಳು.

ಕೀಟನ್ ಆ ಅವಶೇಷಕ್ಕೆ ‘ಮಾರಾಟಕ್ಕಿದೆ’ ಎಂಬ ಫಲಕ ಇಡುತ್ತಾನೆ. ಹೆಂಡತಿ ಕೈ ಹಿಡಿದು ಹೊರಟವನು ವಾಪಸ್ ಬರುತ್ತಾನೆ. ಮನೆ ಜೋಡಿಸುವ ಸೂಚನೆಯ ಹಾಳೆಯನ್ನೂ ಫಲಕಕ್ಕೆ ಸಿಕ್ಕಿಸಿ ಹೋಗುತ್ತಾನೆ.

“ಪಾಪ, ತಗೊಂಡೋರಿಗೆ ಬೇಕಲ್ವಾ” ಅಂದಳು ಮಗಳು.