ಮುದ್ದು ಬರದ ನಾಯಕಿ

ನಟಿ ಕ್ಯಾಂಡೇಸ್ ಹಿಲಿಗಾಸ್ ಅಂದರೆ ಅವರ ಅಮೆರಿಕದಲ್ಲೂ ಹೆಚ್ಚಿನವರು 'ಯಾರದು?' ಅಂತಾರೆ. ಹೇಳಿಕೊಳ್ಳುವಂಥ ಸಿನಿಮಾಗಳು ಎರಡೇ. ಅದರಲ್ಲೂ ಜನ ನೆನಪಿಟ್ಟುಕೊಂಡಿರುವುದು ಒಂದನ್ನು, 1962ರ ದೆವ್ವದ ಚಿತ್ರ 'ಕಾರ್ನಿವಲ್ ಆಫ್ ಸೋಲ್ಸ್'.

ಈಕೆ ನ್ಯೂಯಾರ್ಕ್‌ನಲ್ಲಿ ಹೆಸರಾಂತ ನಟನಾ ಗುರು ಲೀ ಸ್ಟ್ರಾಸ್‌ಬರ್ಗ್ ಹತ್ತಿರ ನಟನೆ ಕಲಿತವರು. ಚಿತ್ರದ ನಿರ್ದೇಶಕ ಹರ್ಕ್ ಹಾರ್ವೆ ಮಾತ್ರ ಕಾನ್ಸಸ್‌ನ ಲಾರೆನ್ಸ್‌ನಲ್ಲಿ ಶಾಲೆಗಳಿಗೆ, ಕಾರ್ಖಾನೆಗಳಿಗೆ ಪಾಠದ ಚಿತ್ರ ಮಾಡಿಕೊಂಡಿದ್ದವರು. ಯೂಟಾದ ಉಪ್ಪುನೀರಿನ ಸರೋವರದ ದಡದಲ್ಲಿ ಪಾಳುಬಿದ್ದ ಸಾಲ್ಟೇರ್ ಎಂಬ ಹಳೆಯ ಮನರಂಜನಾ ಮಂಟಪ ಕಂಡಾಗ ಅವರಿಗೆ ಈ ಸಿನಿಮಾ ಹೊಳೆಯಿತಂತೆ. ಕೆಲಸಕ್ಕೆ ಮೂರು ವಾರ ರಜೆ ಹಾಕಿದರು. ಮೂವತ್ತು ಸಾವಿರ ಡಾಲರ್ ಚಿಲ್ಲರೆ ಹೊಂದಿಸಿದರು. ಮುಖ್ಯ ದೆವ್ವದ ವೇಷವನ್ನೂ ತಾವೇ ಹಾಕಿದರು. ಒಂದು ಸಂಬಳ ಉಳಿಯಿತಲ್ವಾ!

ಹಿಲಿಗಾಸ್ ಇಲ್ಲಿ ಮೇರಿ ಹೆನ್ರಿ. ಕಾರು ಸೇತುವೆಯಿಂದ ನದಿಗೆ ಬೀಳುತ್ತದೆ, ಇವಳೊಬ್ಬಳು ಎದ್ದು ಬರುತ್ತಾಳೆ. ಆಮೇಲೆ ಬೇರೆ ಊರಿನ ಚರ್ಚಿನಲ್ಲಿ ಆರ್ಗನ್ ನುಡಿಸುವ ಕೆಲಸ. ಭಕ್ತಿಗಿಕ್ತಿ ಏನಿಲ್ಲ, ಸುಮ್ನೆ ಒಂದು ನೌಕರಿ. ಪಕ್ಕದ ಕೋಣೆಯವನು ಹಲ್ಲು ಗಿಂಜುತ್ತಾ ಬಂದರೆ ನಾಚುವುದಿಲ್ಲ, ಕಿರುಚುವುದೂ ಇಲ್ಲ. ಪ್ರೇಕ್ಷಕ ನನ್ನನ್ನು ಮುದ್ದು ಮಾಡಲಿ ಅನ್ನುವ ಆಸೆ ಆ ಮುಖದಲ್ಲಿ ಎಲ್ಲೂ ಇಲ್ಲ. ನಾಯಕಿಯರಿಗೆ ಇಂಥ ಧೈರ್ಯ ಇವತ್ತಿಗೂ ಅಪರೂಪ.

ಬಟ್ಟೆ ಅಂಗಡಿಯ ದೃಶ್ಯ ನೋಡಬೇಕು. ಇದ್ದಕ್ಕಿದ್ದಂತೆ ಲೋಕದ ಸದ್ದೇ ನಿಂತುಹೋಗುತ್ತದೆ. ಇವಳು ಮಾತಾಡಿಸಿದರೆ ಅಂಗಡಿಯವಳು ತಿರುಗಿಯೂ ನೋಡುವುದಿಲ್ಲ. ಹಿಲಿಗಾಸ್ ಮೊದಲು ತೋರಿಸುವುದು ಭಯವನ್ನಲ್ಲ, ಸಿಟ್ಟನ್ನು. ಬ್ಯಾಂಕಿನ ಕೌಂಟರಿನಲ್ಲಿ ಯಾರೂ ತಲೆ ಎತ್ತದಿದ್ದಾಗ ನಮಗೆ ಬರುತ್ತದಲ್ಲ, ಅಂಥದು. ಭಯ ನಿಧಾನಕ್ಕೆ ಬರುತ್ತದೆ. ಅದಕ್ಕೇ ನಮಗೂ ತಟ್ಟುತ್ತದೆ.

ಸಿನಿಮಾ ಬಂದದ್ದೂ ಹೋದದ್ದೂ ಜಾಸ್ತಿ ಜನಕ್ಕೆ ಗೊತ್ತಾಗಲಿಲ್ಲ. 1964ರಲ್ಲಿ ಹಿಲಿಗಾಸ್‌ಗೆ ಇನ್ನೊಂದು ಭಯದ ಚಿತ್ರ. ಅದು ರಾಯ್ ಶೈಡರ್ ಅವರ ಮೊದಲ ಸಿನಿಮಾ. ಅವರು ಮುಂದೆ 'ಜಾಸ್' ಚಿತ್ರದ ಪೊಲೀಸ್ ಅಧಿಕಾರಿಯಾಗಿ ಲೋಕಕ್ಕೆಲ್ಲ ಗೊತ್ತಾದರು. ಹಿಲಿಗಾಸ್ ದಾರಿ ಮಾತ್ರ ಅಲ್ಲಿಗೇ ಹೆಚ್ಚುಕಡಿಮೆ ಮುಗಿಯಿತು. ಪ್ರತಿಭೆಯ ಲೆಕ್ಕ ಹಾಕಿ ಇದಕ್ಕೆ ಕಾರಣ ಹುಡುಕಲು ನನಗೆ ಮನಸ್ಸಿಲ್ಲ.

ಹಿಲಿಗಾಸ್ ಮುಖ ಜನರ ನೆನಪಿನಲ್ಲಿ ಉಳಿದದ್ದು ಒಂದು ಎಡವಟ್ಟಿನಿಂದ. 'ಕಾರ್ನಿವಲ್ ಆಫ್ ಸೋಲ್ಸ್' ಪ್ರಿಂಟಿನಲ್ಲಿ ಕಾಪಿರೈಟ್ ಸೂಚನೆ ಹಾಕುವುದನ್ನೇ ಬಿಟ್ಟಿದ್ದರು. ಚಿತ್ರ ಯಾರ ಸ್ವತ್ತೂ ಅಲ್ಲದಾಯಿತು. ಟೀವಿಯವರು ಅಪರಾತ್ರಿಯಲ್ಲಿ ಹಾಕಿದರು, ನಿದ್ದೆಗೆಟ್ಟವರು ನೋಡಿದರು. 1989ರಲ್ಲಿ ಮತ್ತೆ ಥಿಯೇಟರಿಗೂ ಬಂತು. ಈಗ ಇಂಟರ್ನೆಟ್ಟಿನಲ್ಲಿ ಬಿಟ್ಟಿಯಾಗಿ ಸಿಗುತ್ತದೆ. ಒಂದೂವರೆ ಗಂಟೆಯೂ ಇಲ್ಲ, ಕಪ್ಪುಬಿಳುಪು. 1998ರಲ್ಲಿ ಅದೇ ಹೆಸರಿನ ಇನ್ನೊಂದು ಬಂದಿದೆ. ಹುಡುಕುವಾಗ ಇಸವಿ ನೋಡಿಕೊಳ್ಳಿ.